ಕಿವಿ ಮಂದವಾದಾಗ: ಕೆಲವು ಸರಳ ಪರೀಕ್ಷೆಗಳು

ಕಣ್ಣು ಮಂದವಾದುದು ತನಗೇ ತಿಳಿಯುತ್ತದೆ. ಕಿವಿ ಮಂದವಾದುದು ಬಹುಮಟ್ಟಿಗೆ ಮನೆಯವರಿಗೆ ಮೊದಲು ತಿಳಿಯುತ್ತದೆ. ಅದನ್ನು ವೈದ್ಯರು ದೊಡ್ಡ ಯಂತ್ರಗಳಿಲ್ಲದೆಯೂ ಪ್ರಾಥಮಿಕವಾಗಿ ಪರೀಕ್ಷಿಸಬಲ್ಲರು.

ಕಿವುಡಿನಲ್ಲಿ ಮುಖ್ಯವಾಗಿ ಎರಡು ಬಗೆ. ಗುಗ್ಗೆ, ಕಿವಿತಮಟೆಯ ತೂತು ಅಥವಾ ನಡುಗಿವಿಯ ಕೀವಿನಿಂದಾಗಿ ಶಬ್ದವು ಒಳಗಿವಿಯನ್ನು ಸರಿಯಾಗಿ ತಲಪದಿರುವುದು ವಹನದೋಷ. ಒಳಗಿವಿಯಾಗಲಿ ಶ್ರವಣನರವಾಗಲಿ ಕೆಟ್ಟಿದ್ದರೆ ಅದು ನರದೋಷ.

ಪಿಸುಮಾತಿನ ಪರೀಕ್ಷೆ: ತುಟಿಯ ಚಲನೆ ಕಾಣದಂತೆ ವೈದ್ಯರು ರೋಗಿಯ ಹಿಂದೆ ಸುಮಾರು 60 ಸೆಂಟಿಮೀಟರ್ ದೂರದಲ್ಲಿ ನಿಂತು, ಉಸಿರನ್ನು ಪೂರ್ತಿ ಹೊರಬಿಟ್ಟು, ಅಂಕಿ ಮತ್ತು ಅಕ್ಷರಗಳನ್ನು ಪಿಸುಗುಡುತ್ತಾರೆ. ಆಗ ಇನ್ನೊಂದು ಕಿವಿಯನ್ನು ಬೆರಳಿನಿಂದ ಒತ್ತಿ ಉಜ್ಜುತ್ತಿರಬೇಕು. ರೋಗಿಯು ಕೇಳಿದುದನ್ನು ಮರಳಿ ಹೇಳಬೇಕು.

ರಿನ್ನೆ ಪರೀಕ್ಷೆ: ಇದು 1855ರಲ್ಲಿ ಪ್ರಕಟವಾಯಿತು. ಸೆಕೆಂಡಿಗೆ 512 ಸಲ ಕಂಪಿಸುವ ಶ್ರುತಿಕವೆಯನ್ನು ಕಿವಿಯ ಹಿಂದಿನ ಎಲುಬಿನ ಮೇಲೂ ಅನಂತರ ಕಿವಿಯ ಮುಂದೆಯೂ ಹಿಡಿಯುತ್ತಾರೆ. ಸ್ವಸ್ಥ ಕಿವಿಗೆ ಗಾಳಿಯ ಮೂಲಕ ಬಂದ ನಾದವೇ ಹೆಚ್ಚು. ಎಲುಬಿನ ನಾದ ಹೆಚ್ಚಾಗಿ ಕೇಳಿಸಿದರೆ ಸಾಮಾನ್ಯವಾಗಿ ವಹನದೋಷವೆಂದು ತಿಳಿಯಬೇಕು.

ವೆಬರ್ ಪರೀಕ್ಷೆ: ಶ್ರುತಿಕವೆಯ ಬುಡವನ್ನು ಹಣೆಯ ನಡುವೆ ಇಡುತ್ತಾರೆ. ಎರಡೂ ಕಿವಿ ಸಮವಾಗಿದ್ದರೆ ನಾದವು ನಡುವೆ ಕೇಳಿಸುತ್ತದೆ. ಒಂದೇ ಕಿವಿಯಲ್ಲಿ ವಹನದೋಷವಿದ್ದರೆ ಆ ಕಿವಿಗೇ ಸರಿಯುತ್ತದೆ. ನರದೋಷವಿದ್ದರೆ ಒಳ್ಳೆಯ ಕಿವಿಗೆ ಸರಿಯುತ್ತದೆ.

ಈ ಭೇದವು ಕೇವಲ ಪಾಂಡಿತ್ಯದ ಮಾತಲ್ಲ. ಬೆಳಗ್ಗೆ ಎದ್ದಾಗ ಒಂದು ಕಿವಿ ಹಠಾತ್ತನೆ ಮುಚ್ಚಿದಂತಾದರೆ ಅನೇಕರು ಗುಗ್ಗೆಯೆಂದು ಭಾವಿಸಿ ಎಣ್ಣೆ ಬಿಟ್ಟುಕೊಂಡು ದಿನ ಕಳೆಯುತ್ತಾರೆ. ಆಗ ವೆಬರ್ ನಾದವು ಒಳ್ಳೆಯ ಕಿವಿಗೆ ಸರಿದರೆ ಹಠಾತ್ ನರದೋಷವನ್ನು ಶಂಕಿಸಬೇಕು. ಇದಕ್ಕೆ ಸ್ಟೀರಾಯ್ಡ್ ಚಿಕಿತ್ಸೆಯನ್ನು ಆದಷ್ಟು ಬೇಗ, ಮೊದಲ ಎರಡು ವಾರಗಳೊಳಗೆ ಆರಂಭಿಸುವುದು ಮೇಲು. ತಡವಾದಂತೆ ಶ್ರವಣಶಕ್ತಿ ಮರಳುವ ಆಸೆ ಕುಂದುತ್ತದೆ.

ಈ ಪರೀಕ್ಷೆಗಳಿಗೂ ಮಿತಿಯುಂಟು. ಒಂದು ಕಿವಿ ಪೂರ್ಣ ಕಿವುಡಾಗಿದ್ದರೆ ಎಲುಬಿನ ನಾದವನ್ನು ಇನ್ನೊಂದು ಕಿವಿಯೇ ಗ್ರಹಿಸಿ ರಿನ್ನೆ ಫಲಿತಾಂಶವು ದಾರಿತಪ್ಪಿಸಬಹುದು. ದೋಷದ ಪ್ರಮಾಣವನ್ನು ಅಳೆಯಲು ಆಡಿಯೋಮೀಟರ್ ಬೇಕೇ ಬೇಕು. ಮೈಸೂರಿನ ಅಖಿಲ ಭಾರತ ವಾಕ್ ಶ್ರವಣ ಸಂಸ್ಥೆಯಂತಹ ಕೇಂದ್ರಗಳಲ್ಲಿ ಈ ಸೌಲಭ್ಯವಿದೆ. ಕಿವಿ ಮಂದವಾಯಿತೆಂಬ ಸಂಶಯ ಬಂದೊಡನೆ ಸಂಕೋಚ ಬಿಟ್ಟು ಕಿವಿಯ ತಜ್ಞರನ್ನು ಕಾಣುವುದೇ ಜಾಣತನ.