ಪೋಷಕ ನಟ ಆರ್ನಲ್ಡ್ ರಿಡ್ಲಿ

ನಾಟಕವಾಗಲಿ ಚಲನಚಿತ್ರವಾಗಲಿ, ನೋಡಿ ಹೊರಬಂದವರ ಬಾಯಲ್ಲಿ ಮೊದಲು ಬರುವುದು ನಾಯಕನ ಹೆಸರು. ಕತೆಯ ಒಂದು ಮೂಲೆಯಲ್ಲಿ ನಿಂತು ನಾಲ್ಕು ಮಾತನಾಡಿ ಮರೆಯಾದ ವೃದ್ಧನ ಪಾತ್ರವನ್ನೋ ಸೇವಕನ ಪಾತ್ರವನ್ನೋ ವಹಿಸಿದವರು ಯಾರೆಂದು ಕೇಳುವವರು ವಿರಳ. ಮುಖ ನೆನಪಿರುತ್ತದೆ, ಹೆಸರು ನೆನಪಿರುವುದಿಲ್ಲ. ಇಂತಹ ಪಾತ್ರಗಳನ್ನೇ ನೆಚ್ಚಿ ಬಾಳುವೆ ಸಾಗಿಸುವ ಕಲಾವಿದರನ್ನು ಪೋಷಕ ನಟರೆಂದು ಕರೆಯುತ್ತಾರೆ. ಇಂಗ್ಲೆಂಡಿನ ದೂರದರ್ಶನದಲ್ಲಿ ಎಪ್ಪತ್ತೆರಡನೆಯ ವಯಸ್ಸಿನಲ್ಲಿ ಇಂತಹ ಒಂದು ಪಾತ್ರವನ್ನು ಕೈಗೊಂಡು ಮನೆಮನೆಯ ಪ್ರೀತಿಗೆ ಪಾತ್ರರಾದವರು ಆರ್ನಲ್ಡ್ ರಿಡ್ಲಿ.

1940ರ ಬೇಸಿಗೆಯಲ್ಲಿ ಜರ್ಮನ್ ಸೈನ್ಯವು ಫ್ರಾನ್ಸನ್ನು ಗೆದ್ದು ಇಂಗ್ಲೆಂಡಿನ ಮೇಲೆ ಏರಿಬರುವ ಸೂಚನೆ ಕಂಡಾಗ, ವಯಸ್ಸು ಮೀರಿದವರೂ ಇನ್ನೂ ವಯಸ್ಸಾಗದವರೂ ಸೇರಿ ಊರೂರಿನಲ್ಲಿ ಗೃಹರಕ್ಷಕ ದಳಗಳನ್ನು ಕಟ್ಟಿದರು. ಅಂತಹ ಒಂದು ದಳದ ಪೇಚಾಟಗಳನ್ನು ನಗೆಯ ಮಾತುಗಳಲ್ಲಿ ಹೇಳುವ ಧಾರಾವಾಹಿ 'ಡ್ಯಾಡ್ಸ್ ಆರ್ಮಿ', ಎಂದರೆ 'ಅಪ್ಪಂದಿರ ಸೈನ್ಯ'. ಜಿಮ್ಮಿ ಪೆರ್ರಿ ಮತ್ತು ಡೇವಿಡ್ ಕ್ರಾಫ್ಟ್ ಇದನ್ನು ಬರೆದರು. ಬಿ.ಬಿ.ಸಿ.ಯು 1968ರ ಜುಲೈ 31ರಂದು ಇದರ ಮೊದಲ ಕಂತನ್ನು ಪ್ರಸಾರ ಮಾಡಿತು. ಈ ದಳದಲ್ಲಿ ಗಾಡ್‌ಫ್ರೆ ಎಂಬ ಒಬ್ಬ ಸಾಮಾನ್ಯ ಸೈನಿಕನಿದ್ದಾನೆ. ಅಂಗಡಿಯೊಂದರಲ್ಲಿ ದುಡಿದು ನಿವೃತ್ತನಾದವನು, ಅವಿವಾಹಿತ, ಅಕ್ಕತಂಗಿಯರೊಡನೆ ಒಂದು ಪುಟ್ಟ ಮನೆಯಲ್ಲಿ ವಾಸ. ಕವಾಯತಿನಲ್ಲಿ ಎಲ್ಲರಿಗಿಂತ ಹಿಂದೆ, ಕುಳಿತಲ್ಲಿಯೇ ತೂಕಡಿಕೆ, ಹೊತ್ತಲ್ಲದ ಹೊತ್ತಿನಲ್ಲಿ ನಾಯಕನ ಅಪ್ಪಣೆ ಬೇಡಿ ಶೌಚಕ್ಕೆ ಹೋಗಿಬರುವ ಅವಸರ. ಇವನಿಂದ ಶತ್ರುವಿಗೆ ಯಾವ ಅಪಾಯವೂ ಇಲ್ಲವೆಂದು ನೋಡಿದೊಡನೆ ತಿಳಿಯುತ್ತದೆ. ಈ ಪಾತ್ರವೇ ರಿಡ್ಲಿಯವರದು.

ರಿಡ್ಲಿ ಹುಟ್ಟಿದ್ದು 1896ರ ಜನವರಿ 7ರಂದು, ನೈಋತ್ಯ ಇಂಗ್ಲೆಂಡಿನ ಬಾತ್ ನಗರದಲ್ಲಿ. ತಂದೆಗೆ ಪಾದರಕ್ಷೆಯ ಅಂಗಡಿಯಿತ್ತು. ಮಗ ಬ್ರಿಸ್ಟಲ್ ವಿಶ್ವವಿದ್ಯಾಲಯದಲ್ಲಿ ಓದಿ ಉಪಾಧ್ಯಾಯನಾಗಲು ಸಿದ್ಧನಾದನು. ಕೆಲಕಾಲ ಮಕ್ಕಳಿಗೆ ಪಾಠ ಹೇಳಿದ್ದೂ ಉಂಟು. ಆದರೆ ಮನಸ್ಸು ರಂಗಭೂಮಿಯ ಕಡೆಗೆ. ಅಷ್ಟರಲ್ಲಿ ಮೊದಲನೆಯ ಮಹಾಯುದ್ಧ ಬಂದಿತು. 1914ರಲ್ಲಿ ಸೈನ್ಯ ಸೇರಲು ಹೋದ ತರುಣನನ್ನು ಕಾಲ್ಬೆರಳಿನ ಊನಕ್ಕಾಗಿ ಹಿಂದಕ್ಕೆ ಕಳುಹಿಸಿದರು. ಮರುವರ್ಷ, ಸೈನಿಕರ ಕೊರತೆ ಹೆಚ್ಚಿದಾಗ, ಅದೇ ಕಾಲ್ಬೆರಳು ಯಾರಿಗೂ ಅಡ್ಡಿಯಾಗಿ ತೋರಲಿಲ್ಲ. ರಿಡ್ಲಿ ಸಾಮರ್ಸೆಟ್ ಪದಾತಿ ದಳವನ್ನು ಸೇರಿದರು.

1916ರಲ್ಲಿ ಫ್ರಾನ್ಸಿನ ಸೊಮ್ ನದಿಯ ಪ್ರದೇಶದಲ್ಲಿ ನಡೆದ ಕದನದ ಘೋರತೆಯನ್ನು ವರ್ಣಿಸಲು ಒಂದು ಸಂಗತಿ ಸಾಕು: ಅದರ ಮೊದಲ ದಿನವೊಂದರಲ್ಲಿಯೇ ಬ್ರಿಟಿಷ್ ಸೈನ್ಯದ 19,000ಕ್ಕೂ ಹೆಚ್ಚು ಜನ ಮಡಿದರು. ತಿಂಗಳುಗಟ್ಟಲೆ ಸಾಗಿದ ಆ ಕದನದಲ್ಲಿ, ಶತ್ರುವಿನ ಕಂದಕದೊಳಗೆ ನಡೆದ ಕೈಕೈ ಹೋರಾಟದಲ್ಲಿ ರಿಡ್ಲಿಯವರ ತಲೆಯ ಮೇಲೆ ಬಂದೂಕದ ಹಿಡಿಯ ಏಟು ಬಿದ್ದಿತು. ಸಂಗೀನು ತೊಡೆಯ ಸಂದಿಯಲ್ಲಿ ಇರಿಯಿತು. ಎಡಗೈಯ ನರಗಳು ಕಡಿದು ಆ ಕೈ ಬಹುಮಟ್ಟಿಗೆ ನಿರುಪಯುಕ್ತವಾಯಿತು. ಇದ್ದಕ್ಕಿದ್ದಂತೆ ಪ್ರಜ್ಞೆ ತಪ್ಪುವ ತೊಂದರೆ ಬಾಳಿನುದ್ದಕ್ಕೂ ಉಳಿಯಿತು. 1917ರಲ್ಲಿ ಸೈನ್ಯವು ಅವರನ್ನು ಬಿಡುಗಡೆ ಮಾಡಿ ಮನೆಗೆ ಕಳುಹಿಸಿತು.

ಆ ಕಾಲದ ಇಂಗ್ಲೆಂಡಿನಲ್ಲಿ ಒಂದು ಕ್ರೂರ ಪದ್ಧತಿ ಬೆಳೆದಿತ್ತು. ಸೈನಿಕರ ಸಮವಸ್ತ್ರವಿಲ್ಲದೆ ಬೀದಿಯಲ್ಲಿ ಕಂಡ ತರುಣನ ಕೈಗೆ ಕೆಲವು ಹೆಂಗಸರು ಬಿಳಿಯ ಗರಿಯೊಂದನ್ನು ಕೊಡುತ್ತಿದ್ದರು. ಗರಿ ಎಂದರೆ ಹೇಡಿತನದ ಗುರುತು. ಗಾಯಗೊಂಡು ಮರಳಿದವರಿಗೆ ಈ ಅವಮಾನ ತಟ್ಟದಿರಲೆಂದೇ ಸರ್ಕಾರವು ಬೆಳ್ಳಿಯ ಬಿಲ್ಲೆಯೊಂದನ್ನು ನೀಡಿತ್ತು. ರಿಡ್ಲಿ ತಮ್ಮ ಬಿಲ್ಲೆಯನ್ನು ಎದೆಗೆ ತೊಡುತ್ತಿರಲಿಲ್ಲ, ಜೇಬಿನಲ್ಲಿಟ್ಟುಕೊಳ್ಳುತ್ತಿದ್ದರು. ಗಾಯವನ್ನು ಡಂಗುರ ಹೊಡೆಯುವುದು ಅವರಿಗೆ ಬೇಡವಾಗಿತ್ತು. ಒಂದು ದಿನ ಅವರಿಗೂ ಒಬ್ಬ ಹೆಂಗಸು ಗರಿಯನ್ನು ಕೊಟ್ಟಳು. ಜೇಬಿಗೆ ಕೈಹಾಕಿ ಬಿಲ್ಲೆಯನ್ನು ತೋರಿಸಿದ್ದರೆ ಆಕೆ ನಾಚಿ ತಲೆತಗ್ಗಿಸುತ್ತಿದ್ದಳೋ ಏನೋ. ಅವರು ಮಾತಿಲ್ಲದೆ ಗರಿಯನ್ನು ತೆಗೆದುಕೊಂಡು ಮುಂದೆ ನಡೆದರು.

ಯುದ್ಧದ ಬಳಿಕ ಬರ್ಮಿಂಗ್‌ಹ್ಯಾಮ್ ಮತ್ತು ಪ್ಲಿಮತ್ ನಗರಗಳ ರಂಗಮಂದಿರಗಳಲ್ಲಿ ನಟಿಸಿದರೂ ಹಳೆಯ ಗಾಯಗಳ ಕಾಟದಿಂದ ಅದನ್ನು ಬಿಟ್ಟು ತಂದೆಯ ಅಂಗಡಿಗೆ ಮರಳಬೇಕಾಯಿತು. ನಟನಾಗಲಾರದವರು ನಾಟಕಕಾರರಾಗಲು ಹೊರಟರು. ಬ್ರಿಸ್ಟಲ್ ಬಳಿಯ ಮ್ಯಾಂಗಟ್ಸ್‌ಫೀಲ್ಡ್ ರೈಲು ನಿಲ್ದಾಣದಲ್ಲಿ ಅವರು ಒಮ್ಮೆ ಗಂಟೆಗಟ್ಟಲೆ ಕಾಯಬೇಕಾಯಿತು. ಆ ನಿಲ್ದಾಣ ಹಳಿಗಳು ಕವಲೊಡೆಯುವ ಸ್ಥಳದಲ್ಲಿತ್ತು. ಕೆಲವು ರೈಲುಗಳು ನಿಲ್ದಾಣವನ್ನು ಹೊಗದೆ ಹಿಂಭಾಗದ ಹಳಿಯಲ್ಲಿ ಸಾಗುತ್ತಿದ್ದುದರಿಂದ, ರೈಲು ಹತ್ತಿರ ಬಂದಂತೆ, ಭೋರ್ಗರೆದು ದಾಟಿದಂತೆ ಸದ್ದು ಕೇಳಿಸುತ್ತಿತ್ತು; ಕಣ್ಣಿಗೆ ಮಾತ್ರ ಏನೂ ಕಾಣಿಸುತ್ತಿರಲಿಲ್ಲ. 'ಘೋಸ್ಟ್ ಟ್ರೇನ್', ಎಂದರೆ 'ಭೂತದ ರೈಲು' ಎಂಬ ನಾಟಕ ಹುಟ್ಟಿದ್ದು ಈ ಅನುಭವದಿಂದ. ರಂಗದ ಮೇಲೆ ರೈಲಿಲ್ಲ, ರೈಲಿನ ಸದ್ದು ಮಾತ್ರ! ತೋಟದ ಉರುಳುಕಲ್ಲನ್ನು ಹೋಲುವ ರೋಲರನ್ನು ಹಲಗೆಪಟ್ಟಿಗಳ ಮೇಲೆ ಉರುಳಿಸಿ, ತಗಡನ್ನು ಅಲುಗಿಸಿ, ನಗಾರಿ ಬಾರಿಸಿ, ಸಿಳ್ಳೆ ಊದಿ ತೆರೆಯ ಮರೆಯಲ್ಲಿ ಈ ಸದ್ದನ್ನು ಹುಟ್ಟಿಸುತ್ತಿದ್ದರು. 1925ರ ನವೆಂಬರಿನಲ್ಲಿ ಲಂಡನ್ನಿನ ಸೇಂಟ್ ಮಾರ್ಟಿನ್ಸ್ ರಂಗಮಂದಿರಕ್ಕೆ ಬಂದ ಈ ನಾಟಕ ನೂರಾರು ಪ್ರಯೋಗಗಳನ್ನು ಕಂಡಿತು. ಅನಂತರ ಚಲನಚಿತ್ರವೂ ಆಯಿತು. ಮ್ಯಾಂಗಟ್ಸ್‌ಫೀಲ್ಡ್ ನಿಲ್ದಾಣವನ್ನು 1966ರಲ್ಲಿ ಮುಚ್ಚಿದರು. ಈಗ ಅಲ್ಲಿ ನಿಜವಾದ ರೈಲೂ ಬರುವುದಿಲ್ಲ.

ಬಂದ ಸಂಪತ್ತು ನಿಲ್ಲಲಿಲ್ಲ. ಮೂವತ್ತರ ದಶಕದಲ್ಲಿ ಕೈಹಾಕಿದ ಚಲನಚಿತ್ರ ಸಂಸ್ಥೆ ಮುಳುಗಿ, ಸಾಲ ತೀರಿಸುವುದರಲ್ಲಿಯೇ ವರ್ಷಗಳು ಕಳೆದವು. ಮೂವತ್ತಕ್ಕೂ ಮಿಕ್ಕಿ ನಾಟಕಗಳನ್ನು ಬರೆದರೂ ಭೂತದ ರೈಲಿನ ವೈಭವ ಮತ್ತೆ ಬರಲಿಲ್ಲ. ಈ ನಡುವೆ 1939ರಲ್ಲಿ ಎರಡನೆಯ ಮಹಾಯುದ್ಧ ಆರಂಭವಾದಾಗ, ಒಂದು ಕೈ ಊನವಾದ ನಲವತ್ತಮೂರರ ಈ ವ್ಯಕ್ತಿ ಪುನಃ ಸೈನ್ಯಕ್ಕೆ ಹೋದರು. ಅಧಿಕಾರಿಯಾಗಿ ಫ್ರಾನ್ಸಿಗೆ ತೆರಳಿ, 1940ರ ಮೇ ತಿಂಗಳಲ್ಲಿ ಬೊಲೋನ್ ಬಂದರಿನಿಂದ ಯುದ್ಧನೌಕೆಯೊಂದರಲ್ಲಿ ಪಾರಾಗಿ ಬಂದರು. ದೇಹ ಮನಸ್ಸುಗಳೆರಡೂ ಜರ್ಜರಿತವಾಗಿದ್ದುದರಿಂದ ಮತ್ತೊಮ್ಮೆ ಬಿಡುಗಡೆಯಾಯಿತು. ಆಗಲೂ ಸುಮ್ಮನೆ ಕೂರದೆ ತಮ್ಮ ಊರಿನ ಗೃಹರಕ್ಷಕ ದಳವನ್ನು ಸೇರಿದರು. ಮುಂದೆ ಯಾವ ದಳದ ಅಣಕದಲ್ಲಿ ಅಭಿನಯಿಸಲಿದ್ದರೋ ಆ ದಳವೇ!

1968ರಲ್ಲಿ ಪಾತ್ರ ಕೊಡುವಾಗ ಕ್ರಾಫ್ಟ್‌ರಿಗೆ ಒಂದು ಅಳುಕಿತ್ತು. ಆಗಾಗ ಓಡಾಡಬೇಕಾದೀತು, ಈ ವಯಸ್ಸಿನಲ್ಲಿ ಆದೀತೇ ಎಂದು ಕೇಳಿದರು. ಆಗುತ್ತದೆ ಎಂದರು ರಿಡ್ಲಿ. ದುಡಿಮೆ ಅವರಿಗೆ ಬೇಕಾಗಿತ್ತು. ದಳದ ಅತಿ ಉತ್ಸಾಹಿ ಮುದುಕ ಜೋನ್ಸ್‌ನ ಪಾತ್ರ ವಹಿಸಿದ ಕ್ಲೈವ್ ಡನ್‌ಗೆ ಆಗ ಕೇವಲ ನಲವತ್ತೆಂಟು. ಬಣ್ಣ ಬಳಿದು ಮುದುಕನಾಗುತ್ತಿದ್ದರು. ರಿಡ್ಲಿಯವರಿಗೆ ಆ ಬಣ್ಣದ ಅಗತ್ಯವಿರಲಿಲ್ಲ.

1969ರ ನವೆಂಬರ್ 20ರಂದು ಪ್ರಸಾರವಾದ ಕಂತಿನ ಹೆಸರು 'ಬ್ರ್ಯಾಂಡೆಡ್', ಕಳಂಕ ಹೊತ್ತವನು ಎಂದರ್ಥ. ಅದರಲ್ಲಿ ಗಾಡ್‌ಫ್ರೆ ದಳವನ್ನು ಬಿಡುವುದಾಗಿ ಹೇಳುತ್ತಾನೆ. ಹಿಂದಿನ ಮಹಾಯುದ್ಧದಲ್ಲಿ ತಾನು ಆತ್ಮಸಾಕ್ಷಿಗೆ ಒಪ್ಪದೆಂದು ಆಯುಧ ಹಿಡಿಯಲಿಲ್ಲವೆಂದು ತಿಳಿಸುತ್ತಾನೆ. ಅದುವರೆಗೆ ಅವನನ್ನು ಪ್ರೀತಿಯಿಂದ ಕಂಡಿದ್ದ ಸಂಗಾತಿಗಳು ಒಬ್ಬೊಬ್ಬರಾಗಿ ದೂರ ಸರಿಯುತ್ತಾರೆ. ಕೆಲವು ದಿನಗಳ ಬಳಿಕ ಅಭ್ಯಾಸದ ವೇಳೆ ಹೊಗೆ ತುಂಬಿದ ಗುಡಿಸಲಿನಲ್ಲಿ ದಳದ ನಾಯಕ ಮೂರ್ಛೆ ಹೋಗುತ್ತಾನೆ; ಹೊರಗೆಳೆದು ತರುವವನು ಇದೇ ಗಾಡ್‌ಫ್ರೆ. ಹಾಸಿಗೆ ಹಿಡಿದ ಅವನನ್ನು ನೋಡಲು ಎಲ್ಲರೂ ಮನೆಗೆ ಹೋದಾಗ ಗೋಡೆಯ ಮೇಲಿನ ಹಳೆಯ ಭಾವಚಿತ್ರ ಕಣ್ಣಿಗೆ ಬೀಳುತ್ತದೆ. ಅದರಲ್ಲಿ ಅವನ ಎದೆಯ ಮೇಲೆ ಪದಕವಿದೆ. ಸೊಮ್ ಕದನದಲ್ಲಿ ಗಾಯಾಳುಗಳನ್ನು ಹೊತ್ತು ತರುವ ಕೆಲಸಕ್ಕೆ ತಾನಾಗಿ ಸೇರಿ, ಗುಂಡಿನ ಮಳೆಯಲ್ಲಿ ಜೀವಗಳನ್ನು ಉಳಿಸಿದ್ದಕ್ಕೆ ಬಂದ ಪದಕವೆಂದು ಸಹೋದರಿ ಹೇಳುತ್ತಾಳೆ. ಅದನ್ನೇಕೆ ತೊಡುವುದಿಲ್ಲವೆಂದು ಕೇಳಿದರೆ ಗಾಡ್‌ಫ್ರೆಗೆ ಸಂಕೋಚ.

ಆಯುಧ ಹಿಡಿಯಲೊಲ್ಲದ ಗಾಡ್‌ಫ್ರೆಯೂ ಆಯುಧ ಹಿಡಿದು ಹೋರಾಡಿದ ರಿಡ್ಲಿಯೂ ಒಂದೇ ಅಲ್ಲ. ಆದರೆ ಆ ದೃಶ್ಯದಲ್ಲಿ ಮಂಚದ ಮೇಲೆ ಮಲಗಿ ಸಂಕೋಚಪಡುವ ವೃದ್ಧನ ಮುಖ ಸೊಮ್ ಕದನವನ್ನು ಕಣ್ಣಾರೆ ಕಂಡ ಮುಖ. ಅವನ ಎಡಗೈ ಅಲ್ಲಿಯೇ ಊನವಾದ ಕೈ. ನೋಡುತ್ತಿದ್ದ ಲಕ್ಷಾಂತರ ಜನರಲ್ಲಿ ಇದನ್ನು ಅರಿತವರು ಹೆಚ್ಚಿರಲಾರರು. ರಿಡ್ಲಿ ಯುದ್ಧದ ವಿಷಯ ಮಾತನಾಡುತ್ತಿದ್ದುದೇ ಅಪರೂಪ.

ಧಾರಾವಾಹಿಯು 80 ಕಂತುಗಳನ್ನು ಪೂರೈಸಿ 1977ರಲ್ಲಿ ಮುಗಿಯಿತು. ಆಗ ಅವರಿಗೆ ಎಂಬತ್ತೊಂದು. 1982ರಲ್ಲಿ ಬ್ರಿಟಿಷ್ ಸರ್ಕಾರ ಓ.ಬಿ.ಇ. ಗೌರವವನ್ನಿತ್ತಿತು. 1984ರ ಮಾರ್ಚ್ 12ರಂದು, ವೃದ್ಧ ಕಲಾವಿದರ ಆಶ್ರಯಧಾಮವಾದ ಡೆನ್‌ವಿಲ್ ಹಾಲ್‌ನಲ್ಲಿ ಅವರು ತೀರಿಕೊಂಡರು. ಅವರ ಚಿತಾಭಸ್ಮವನ್ನು ಬಾತ್ ನಗರಕ್ಕೆ ತಂದು ತಂದೆತಾಯಿಯರ ಸಮಾಧಿಯಲ್ಲಿ ಇರಿಸಿದರು.