ಉದ್ಯಾನಭೂಮಿಯ ಸಂರಕ್ಷಣೆಯಲ್ಲಿ ಪೌರರ ಹಕ್ಕು ಮತ್ತು ಮಾರ್ಗ

ನಗರದಲ್ಲಿ ಒಂದು ಬಡಾವಣೆ ರಚಿತವಾಗುವಾಗ ನಕ್ಷೆಯಲ್ಲಿ ಉದ್ಯಾನವೆಂದು ಗುರುತಾದ ಭೂಮಿಯು ಯಾವ ಅಧಿಕಾರಿಯ ಔದಾರ್ಯದಿಂದಲೂ ದೊರೆತುದಲ್ಲ. ನಿವೇಶನದ ಬೆಲೆ ತೆತ್ತವರ ಹಣವೂ, ವರ್ಷವರ್ಷವೂ ಕಂದಾಯ ಸಲ್ಲಿಸುವ ಪೌರರ ದ್ರವ್ಯವೂ ಕೂಡಿ ಅದನ್ನು ಸರ್ವಜನರದನ್ನಾಗಿ ಮಾಡಿರುತ್ತವೆ. ಹೀಗಿದ್ದೂ, ಬೇಲಿಯಿಲ್ಲದೆ, ಗಿಡಮರಗಳಿಲ್ಲದೆ ಆ ನೆಲವು ಪಾಳುಬಿದ್ದಾಗ, ಖಾಲಿ ಜಾಗವೆಂಬ ನೆಪದಿಂದ ಅಲ್ಲೊಂದು ಭವನವನ್ನೋ ಕಚೇರಿಯನ್ನೋ ಎಬ್ಬಿಸುವ ಆಸೆ ಹುಟ್ಟುವುದುಂಟು. ಅಂಥ ಪ್ರಯತ್ನವನ್ನು ತಡೆಯುವ ಅಧಿಕಾರವು ಸಾಮಾನ್ಯ ಪೌರನಿಗೂ ಇದೆಯೆಂಬುದನ್ನು ನಮ್ಮ ಸರ್ವೋಚ್ಚ ನ್ಯಾಯಾಲಯವು ಬೆಂಗಳೂರಿನದೇ ಒಂದು ವ್ಯಾಜ್ಯದಲ್ಲಿ ನಿರ್ಣಯಿಸಿದೆ.

ರಾಜಮಹಲ್ ವಿಲಾಸ ಬಡಾವಣೆಯಲ್ಲಿ ಸಾರ್ವಜನಿಕ ಉದ್ಯಾನಕ್ಕೆಂದು ಮೀಸಲಾಗಿದ್ದ ಬಯಲನ್ನು 1976ರಲ್ಲಿ, ಸರ್ಕಾರದ ಆದೇಶದಂತೆ, ಖಾಸಗಿ ಶುಶ್ರೂಷಾಲಯದ ನಿರ್ಮಾಣಕ್ಕಾಗಿ ಒಂದು ಟ್ರಸ್ಟಿಗೆ ಹಂಚಿಕೊಡಲಾಯಿತು. ಅಲ್ಲಿನ ನಿವಾಸಿಗಳು ಉಚ್ಚ ನ್ಯಾಯಾಲಯದ ಮೊರೆಹೊಕ್ಕರು. ಏಕಸದಸ್ಯ ಪೀಠವು ಅವರ ಅರ್ಜಿಯನ್ನು ತಿರಸ್ಕರಿಸಿದರೂ ವಿಭಾಗೀಯ ಪೀಠವು ಪುರಸ್ಕರಿಸಿತು. ಕೊನೆಗೆ 1991ರಲ್ಲಿ, ಬೆಂಗಳೂರು ಮೆಡಿಕಲ್ ಟ್ರಸ್ಟ್ ಮತ್ತು ಬಿ.ಎಸ್. ಮುದ್ದಪ್ಪ ಪ್ರಕರಣದಲ್ಲಿ, ಸರ್ವೋಚ್ಚ ನ್ಯಾಯಾಲಯವು ಟ್ರಸ್ಟಿನ ಮೇಲ್ಮನವಿಯನ್ನು ವಜಾಗೊಳಿಸಿತು. ಯೋಜನೆಯನ್ನು ಮಾರ್ಪಡಿಸುವ ಅಧಿಕಾರವು ಅದರ ಸುಧಾರಣೆಗಾಗಿಯೇ ಹೊರತು ಅದರ ಮೂಲೋದ್ದೇಶವನ್ನು ಕೆಡಿಸುವುದಕ್ಕಲ್ಲವೆಂದೂ, ಉದ್ಯಾನದ ನಷ್ಟದಿಂದ ಬಾಧಿತರಾಗುವ ನಿವಾಸಿಗಳಿಗೆ ಅದನ್ನು ಪ್ರಶ್ನಿಸುವ ಹಕ್ಕು ಇದೆಯೆಂದೂ ಆ ತೀರ್ಪು ಸ್ಥಾಪಿಸಿತು. ಆಸ್ಪತ್ರೆಯು ಲೋಕೋಪಕಾರಿಯೇ ಆದರೂ, ಉದ್ಯಾನದ ಸ್ಥಾನವನ್ನು ಅದು ತುಂಬಲಾರದು.

ಈ ವಿಷಯದಲ್ಲಿ ಶಾಸನದ ಬಲವೂ ನಮಗಿದೆ. ಬೆಂಗಳೂರು ಅಭಿವೃದ್ಧಿ ಪ್ರಾಧಿಕಾರ ಅಧಿನಿಯಮದ 38ಎ ಪ್ರಕರಣದಂತೆ, ಉದ್ಯಾನ ಹಾಗೂ ಆಟದ ಮೈದಾನಗಳಿಗೆಂದು ಮೀಸಲಾದ ಪ್ರದೇಶವನ್ನು ಅನ್ಯ ಉದ್ದೇಶಕ್ಕೆ ಪರಭಾರೆ ಮಾಡಿದಲ್ಲಿ ಆ ಪರಭಾರೆಯು ಶೂನ್ಯ. ಕಬ್ಬನ್ ಪಾರ್ಕಿನಂಥ ಸರ್ಕಾರಿ ಉದ್ಯಾನಗಳಿಗೆ 1975ರ ಅಧಿನಿಯಮವೂ, ರಾಜ್ಯದ ಇತರ ಉದ್ಯಾನ, ಆಟದ ಬಯಲು ಮತ್ತು ತೆರೆದ ಜಾಗಗಳಿಗೆ 1985ರ ಅಧಿನಿಯಮವೂ ರಕ್ಷಣೆ ನೀಡುತ್ತವೆ. ಇಲ್ಲಿ ಒಂದು ಭೇದವನ್ನು ಅವಶ್ಯವಾಗಿ ಅರಿತಿರಬೇಕು: ಸಿ.ಎ. ಸೈಟೆಂದು ರೂಢಿಯಲ್ಲಿರುವ ನಾಗರಿಕ ಸೌಲಭ್ಯದ ನಿವೇಶನವನ್ನು ಶಾಲೆ, ಆಸ್ಪತ್ರೆ ಮೊದಲಾದವುಗಳಿಗೆ ಕೊಡಲು ಅವಕಾಶವುಂಟು, ಉದ್ಯಾನವನ್ನು ಕೊಡಲು ಇಲ್ಲ. ಆದುದರಿಂದ ವಿವಾದಕ್ಕಿಳಿಯುವ ಮುನ್ನ, ಆ ಜಾಗವು ನಕ್ಷೆಯಲ್ಲಿ ಯಾವುದೆಂದು ನಮೂದಾಗಿದೆಯೆಂಬುದನ್ನು ನಿಶ್ಚಯಪಡಿಸಿಕೊಳ್ಳಬೇಕು.

ಅದಕ್ಕೆ ಸಾಧನವು 2005ರ ಮಾಹಿತಿ ಹಕ್ಕು ಅಧಿನಿಯಮ. ಪ್ರಾಧಿಕಾರ ಅಥವಾ ನಗರಪಾಲಿಕೆಯ ಸಾರ್ವಜನಿಕ ಮಾಹಿತಿ ಅಧಿಕಾರಿಗೆ 10 ರೂಪಾಯಿ ಶುಲ್ಕದೊಡನೆ ಅರ್ಜಿ ಸಲ್ಲಿಸಿ, ಅನುಮೋದಿತ ಬಡಾವಣೆ ನಕ್ಷೆ, ಉದ್ಯಾನಗಳ ಪಟ್ಟಿ, ಹಂಚಿಕೆಯ ನಿರ್ಣಯ ಮತ್ತು ಸರ್ಕಾರಿ ಆದೇಶ, ಇವುಗಳ ದೃಢೀಕೃತ ಪ್ರತಿಗಳನ್ನು ಕೇಳಬಹುದು. 30 ದಿನಗಳಲ್ಲಿ ಉತ್ತರ ಬಾರದಿದ್ದರೆ, ಮುಂದಿನ 30 ದಿನಗಳೊಳಗೆ ಪ್ರಥಮ ಮೇಲ್ಮನವಿಯನ್ನು ಹಾಕಬೇಕು. ಅದರ ಆದೇಶದಿಂದಲೂ ತೃಪ್ತಿಯಾಗದಿದ್ದಲ್ಲಿ 90 ದಿನಗಳೊಳಗೆ ಮಾಹಿತಿ ಆಯೋಗದ ಮುಂದೆ ಹೋಗಬಹುದು.

ಭೂಬಳಕೆಯ ಬದಲಾವಣೆಗೆಂದು ವೃತ್ತಪತ್ರಿಕೆಯಲ್ಲಿ ಪ್ರಕಟಣೆ ಬಂದರೆ, ಅದರಲ್ಲಿ ಹೇಳಿದ ಅವಧಿಯೊಳಗೆ ಲಿಖಿತ ಆಕ್ಷೇಪಣೆಯನ್ನು ತಪ್ಪದೆ ಸಲ್ಲಿಸಬೇಕು. ಪ್ರಕಟಣೆಯೇ ಇಲ್ಲದೆ ಕಾಮಗಾರಿ ತೊಡಗಿದರೆ, ನಕ್ಷೆಯ ಪ್ರತಿಯನ್ನೂ ದಿನಾಂಕವಿರುವ ಛಾಯಾಚಿತ್ರಗಳನ್ನೂ ಲಗತ್ತಿಸಿ, ನಿವಾಸಿಗಳೆಲ್ಲರ ಸಹಿಯೊಡನೆ ಆಯುಕ್ತರಿಗೆ ಮನವಿ ಕೊಟ್ಟು ಸ್ವೀಕೃತಿ ಪಡೆಯಬೇಕು. ಅದು ಫಲಿಸದಿದ್ದರೆ, ಸಂವಿಧಾನದ 226ನೆಯ ಅನುಚ್ಛೇದದ ಮೇರೆಗೆ ಉಚ್ಚ ನ್ಯಾಯಾಲಯದಲ್ಲಿ ರಿಟ್ ಅರ್ಜಿ ಹೂಡಿ ತಡೆಯಾಜ್ಞೆಯನ್ನು ಬೇಡಬಹುದು. ಮಹಿಳೆಯರು, ಪರಿಶಿಷ್ಟ ಜಾತಿ ಮತ್ತು ಪಂಗಡದವರು, ಅಂಗವಿಕಲರು ಹಾಗೂ ನಿಗದಿತ ಮಿತಿಗಿಂತ ಕಡಿಮೆ ಆದಾಯವುಳ್ಳವರು ಕಾನೂನು ಸೇವಾ ಪ್ರಾಧಿಕಾರದಿಂದ ಉಚಿತ ವಕೀಲರ ನೆರವಿಗೆ ಅರ್ಹರು; ಅದರ ಸಹಾಯವಾಣಿ 15100.

ಕಟ್ಟಡವು ಮೇಲೆದ್ದಮಾತ್ರಕ್ಕೆ ಅಕ್ರಮವು ಸಕ್ರಮವಾಗದು: ಲಖನೌ ನಗರದ ಝಂಡೇವಾಲಾ ಉದ್ಯಾನದ ಕೆಳಗೆ ಕಟ್ಟುತ್ತಿದ್ದ ಅಂಗಡಿ ಸಂಕೀರ್ಣವನ್ನು ಕೆಡವಿ ಉದ್ಯಾನವನ್ನು ಪುನಃ ಸ್ಥಾಪಿಸುವಂತೆ 1999ರಲ್ಲಿ ಸರ್ವೋಚ್ಚ ನ್ಯಾಯಾಲಯವು ಆಜ್ಞಾಪಿಸಿತು. ಆದರೂ ವಿಳಂಬವು ಅರ್ಜಿದಾರನ ಪಕ್ಷವನ್ನು ದುರ್ಬಲಗೊಳಿಸುವುದರಿಂದ, ತಳಪಾಯದ ಗುಂಡಿ ತೋಡುವ ಮೊದಲೇ ಎಚ್ಚೆತ್ತುಕೊಳ್ಳುವುದು ಶ್ರೇಯಸ್ಕರ. ಪ್ರಾಧಿಕಾರಗಳು ಉದ್ಯಾನಭೂಮಿಯ ಧರ್ಮದರ್ಶಿಗಳೇ ಹೊರತು ಸ್ವಾಮಿಗಳಲ್ಲ, ಸ್ವಾಮ್ಯವು ಪ್ರಜೆಗಳದು. ಆದಕಾರಣ ಪ್ರತಿಯೊಂದು ಬಡಾವಣೆಯ ನಿವಾಸಿಗಳೂ ತಮ್ಮ ಉದ್ಯಾನದ ನಕ್ಷೆಯ ದೃಢೀಕೃತ ಪ್ರತಿಯೊಂದನ್ನು, ವಿವಾದ ಹುಟ್ಟುವ ಮುನ್ನವೇ, ಇಂದೇ ಪಡೆದು ಜೋಪಾನವಾಗಿಟ್ಟುಕೊಳ್ಳಲಿ.