ಗೋಡೆಯೊಳಗೆ ನಡೆಯೋ ಲಿಂಕ್

2013ರಲ್ಲಿ ನಿಂಟೆಂಡೊ 3ಡಿಎಸ್‌ಗೆ ಬಂದ ‘ದಿ ಲೆಜೆಂಡ್ ಆಫ್ ಜೆಲ್ಡಾ: ಎ ಲಿಂಕ್ ಬಿಟ್ವೀನ್ ವರ್ಲ್ಡ್ಸ್’ ಗೇಮಲ್ಲಿ ಯೂಗ ಅನ್ನೋ ಮಾಂತ್ರಿಕ ಹೈರೂಲ್ ರಾಜ್ಯದ ಜನರನ್ನು ಚಿತ್ರಗಳಾಗಿ ಮಾಡಿ ಸೆರೆ ಹಿಡೀತಾನೆ. ನಾಯಕ ಲಿಂಕ್‌ನನ್ನೂ ಗೋಡೆಗೆ ಅಂಟಿಸ್ತಾನೆ. ಆದರೆ ರಾವಿಯೊ ಕೊಟ್ಟ ಬಳೆಯಿಂದ ಲಿಂಕ್ ಹೊರಗೆ ಬರ್ತಾನೆ, ಆಮೇಲೆ ಬೇಕೆಂದಾಗ ತಾನೇ ಭಿತ್ತಿಚಿತ್ರ ಆಗ್ತಾನೆ. ಯೂಗನ ಮಂತ್ರ ಅವನಿಗೇ ತಿರುಗುಬಾಣ!

ನಮಗೆ ಮಜಾ ಅನಿಸಿದ್ದು ಅದರ ನಿಯಮ. ಗೋಡೆಯಲ್ಲಿ ಲಿಂಕ್ ಎಡಕ್ಕೆ, ಬಲಕ್ಕೆ ಮಾತ್ರ ಹೋಗಬಹುದು, ಹಾರೋಕಾಗಲ್ಲ. ಶಕ್ತಿ ಮುಗಿದ್ರೆ ಹೊರಗೆ. ಆದರೂ ಮೂಲೆ ಬಂದ್ರೆ ಸಲೀಸಾಗಿ ತಿರುಗ್ತಾನೆ. ಹೇಗೆ? ಫಸ್ಟ್ ಇಯರ್ ಡ್ರಾಯಿಂಗಲ್ಲಿ ನಾವು ಬೈಕೊಂಡು ಬಿಡಿಸಿದ ಡೆವಲಪ್‌ಮೆಂಟ್ ಆಫ್ ಸರ್ಫೇಸಸ್ ನೆನಪಿಸಿಕೊಳ್ಳಿ. 3 ಮೀಟರ್ ತ್ರಿಜ್ಯದ ದುಂಡು ಗೋಪುರದ ಗೋಡೆಯನ್ನು ಮೇಲಿಂದ ಕೆಳಗೆ ಸೀಳಿ ಬಿಚ್ಚಿದರೆ ಸುಮಾರು 18.85 ಮೀಟರ್ ಉದ್ದದ ಆಯತ. ನೋಡೋ ನಮಗೆ ಅದು ಸುತ್ತು, ಚಿತ್ರದೊಳಗಿರೋ ಲಿಂಕ್‌ಗೆ ನೇರ ದಾರಿ. ಮೂಲೆಯೂ ಅಷ್ಟೇ, ಹಾಳೆಯ ಮಡಿಕೆ; ಮಡಿಸಿದ್ರೆ ಹಾಳೆ ಮೇಲಿನ ದೂರ ಬದಲಾಗಲ್ಲ. ಗೋಳಕ್ಕೆ ಮಾತ್ರ ಇದು ನಡೆಯಲ್ಲ, ಕಿತ್ತಳೆ ಸಿಪ್ಪೆಯನ್ನು ಚಪ್ಪಟೆ ಮಾಡೋಕೆ ಹೋದ್ರೆ ಹರಿಯುತ್ತೆ.

ಹಾಗಾಗಿ ಸಿಲಿಂಡರ್ ಸುತ್ತಿ ಹತ್ತೋ ಇರುವೆಯ ಹತ್ತಿರದ ದಾರಿ ಕೇಳಿದ್ರೆ ಗಾಬರಿ ಬೇಡ: ಮೊದಲು ಬಿಚ್ಚಿ, ಆಮೇಲೆ ಸ್ಕೇಲ್ ಇಟ್ಟು ಒಂದು ಗೆರೆ ಎಳೀರಿ.